ಏಳನೆಯ ಕಿಂಡಿಯ ಉಕ್ಕು

ಹೋದ ತಿಂಗಳು ಲೋಕಾಪುರದಲ್ಲಿ ಬಸ್ಸು ತಪ್ಪಿಸಿಕೊಂಡು ಒಂದು ಗಂಟೆ ಕಾಯುವ ಪ್ರಸಂಗ ಬಂತು. ಚಹಾ ಕುಡಿದು ಸುಮ್ಮನೆ ರಸ್ತೆಯ ಆಚೆ ಬದಿಗೆ ನಡೆದೆ. ಅಲ್ಲಿ ಟ್ರ್ಯಾಕ್ಟರಿನ ಟ್ರೇಲರ್ ಕಟ್ಟುವ ಒಂದು ಅಂಗಡಿ. ಒಳಗೆ ಯಾರೋ ದಪ್ಪ ಪಟ್ಟಿಗೆ ತೂತು ಕೊರೆಯುತ್ತಿದ್ದರು. ಬಿಸಿಯಾದ ಉಕ್ಕಿನ ಮೇಲೆ ಅದನ್ನು ತಣಿಸುವ ಕೂಲಂಟ್ ನೀರು ಬಿದ್ದು ಆವಿ ಎದ್ದಿತು. ಕಾಯಿಸಿದ ಎಣ್ಣೆಗೆ ಹಾಲು ಚೆಲ್ಲಿದಂಥ ಆ ವಾಸನೆ ಮೂಗಿಗೆ ಬಡಿದದ್ದೇ ತಡ, ಎಂಟು ವರ್ಷ ಹಿಂದಿನ ಒಂದು ಹಿಂಗಾರಿ ಪೂರ್ತಿ ನೆನಪಾಯಿತು. ದಸರೆಯಿಂದ ದೀಪಾವಳಿಯ ಮರುವಾರದವರೆಗೆ, ರಬಕವಿಯ ಆಚೆ ಕೃಷ್ಣೆಯ ದಂಡೆಯಲ್ಲಿ ನಾನು ಕಳೆದ ದಿನಗಳು.

ಆಗ ನನಗೆ ಇಪ್ಪತ್ತಾರು. ಬೀಳಗಿ ನಮ್ಮೂರು. ಮೆಕ್ಯಾನಿಕಲ್ ಡಿಪ್ಲೊಮಾ ಮುಗಿಸಿ ಒಬ್ಬ ಗುತ್ತಿಗೆದಾರರ ಹತ್ತಿರ ಕೆಲಸಕ್ಕಿದ್ದೆ. ಅಲ್ಲಿಯವರೆಗೆ ಇನ್ನೊಬ್ಬರ ಕೈಕೆಳಗೆ ದುಡಿದವನಿಗೆ ಆ ವರ್ಷ ಮೊದಲ ಸಲ ಒಂದು ಕೆಲಸವನ್ನು ಪೂರ್ತಿಯಾಗಿ ಒಪ್ಪಿಸಿದ್ದರು. ನದಿಗೆ ಅಡ್ಡಲಾಗಿ ಕಟ್ಟಿದ ಹಳೆಯ ಬ್ಯಾರೇಜೊಂದಕ್ಕೆ ಹೊಸ ಗೇಟು ಕೂಡಿಸುವ ಕೆಲಸ.

ಆ ಬ್ಯಾರೇಜಿನ ಪದ್ಧತಿ ಸರಳ. ಮಳೆಗಾಲಕ್ಕೆ ಮುಂಚೆ ಕಿಂಡಿಗಳ ಗೇಟುಗಳನ್ನೆಲ್ಲ ಎತ್ತಿಡುತ್ತಾರೆ. ನೆರೆ ಹರಿದು ಹೋದ ಮೇಲೆ ಮತ್ತೆ ಇಳಿಸುತ್ತಾರೆ. ಇಳಿಸಿದ ಗೇಟಿನ ಹಿಂದೆ ನಿಂತ ನೀರೇ ಬೇಸಿಗೆಯವರೆಗೆ ದಂಡೆಯ ಹಳ್ಳಿಗಳಿಗೆ ಕುಡಿಯಲು, ಹೊಲಕ್ಕೆ ಎಲ್ಲಕ್ಕೂ ಆಧಾರ. ಆ ವರ್ಷ ನೆರೆ ಎರಡು ವಾರ ಮುಂಚೆಯೇ ಬಂತು. ಎತ್ತುವಷ್ಟರಲ್ಲಿ ನೀರು ಗೇಟುಗಳ ಮೇಲೆ ಹತ್ತಿ ಹನ್ನೆರಡನ್ನು ತಿರುಚಿ ಹಾಕಿತು. ಹನ್ನೆರಡೂ ಹೊಸದಾಗಿ ಆಗಬೇಕಿತ್ತು. ಅವು ಲಾರಿಯಲ್ಲಿ ಬಂದು ದಂಡೆಯ ಮೇಲೆ ಇಳಿದಾಗ ನೋಡಿದರೆ, ವೆಲ್ಡಿಂಗ್ ಆಗಿದೆ, ಬಣ್ಣ ಆಗಿದೆ, ತೂತುಗಳೇ ಇಲ್ಲ. ಗೇಟಿನ ಅಂಚಿಗೆ ನೀರು ಸೋರದಂತೆ ರಬ್ಬರ್ ಕೂಡಿಸಬೇಕು, ಅದಕ್ಕೆ ಒಂದೊಂದು ಗೇಟಿಗೆ ಮೂವತ್ತಾರು ತೂತು ಬೇಕು. ಎಲ್ಲವನ್ನೂ ಅಲ್ಲೇ, ಬಯಲಿನಲ್ಲಿ, ನಾವೇ ಕೊರೆಯಬೇಕಿತ್ತು.

ದಂಡೆಯ ಹಳ್ಳಿಗಳ ನೀರಿನ ಸಮಿತಿಗೆ ರುದ್ರಗೌಡರೆಂಬ ಹಿರಿಯರು ಮುಖ್ಯಸ್ಥರಾಗಿದ್ದರು. ಪ್ರತಿದಿನ ಮುಂಜಾನೆ ಬಂದು ದಂಡೆಯ ಮೆಟ್ಟಿಲಿನ ಮೇಲೆ ನೀರು ಇದ್ದಲ್ಲಿಗೆ ಸುಣ್ಣದಿಂದ ಒಂದು ಗೆರೆ ಎಳೆದು ಹೋಗುತ್ತಿದ್ದರು. ಮರುದಿನ ನೋಡಿದರೆ ಗೆರೆ ಮೇಲೆ ಇರುತ್ತಿತ್ತು, ನೀರು ಕೆಳಗೆ.

"ಸಾಹೇಬ್ರ, ಹೊಳಿ ನಿನ್ನಿಗಿಂತ ನಾಕ್ ಬಟ್ಟು ಇಳದೈತಿ," ಎನ್ನುತ್ತಿದ್ದರು. "ಗೇಟ್ ಕೂತ ಮ್ಯಾಲ ಬಂದ ನೀರು ನಮ್ಮದು. ಕೂಡೋದ್ರಾಗ ಹೋದದ್ದು ಹೋತು. ಅದನ್ನ ಯಾರೂ ತಿರುಗಿ ಕೊಡಂಗಿಲ್ಲ."

ನನ್ನ ಜೊತೆ ಫೋರ್‌ಮನ್ ನಿಂಗಪ್ಪ ಮತ್ತು ಇಬ್ಬರು ಕೆಲಸಗಾರರು. ಮೊದಲ ದಿನ ನಾವು ಕೈಡ್ರಿಲ್ ಹಿಡಿದು ಗೇಟಿನ ಮೇಲೆ ಕೂತೆವು. ಮಶೀನು ಎಷ್ಟು ಜೋರಾಗಿ ತಿರುಗುತ್ತದೋ ಅಷ್ಟು ಜೋರಾಗಿ ಬಿಟ್ಟು, ಎದೆಯ ಭಾರವನ್ನೆಲ್ಲ ಹಾಕಿ ಒತ್ತಿದೆವು. ಕಿರುಚಾಟ, ಹೊಗೆ. ಸಂಜೆಯ ಹೊತ್ತಿಗೆ ಹನ್ನೊಂದು ತೂತುಗಳಾಗಿದ್ದವು, ಒಂದೂ ದುಂಡಗಿರಲಿಲ್ಲ. ಜಮಖಂಡಿಯಿಂದ ತಂದ ಹೊಸ ಡ್ರಿಲ್ ಬಿಟ್‌ಗಳು ಒಂದು ಡಬ್ಬಿ ಪೂರ್ತಿ ತುದಿ ನೀಲಿಗಟ್ಟಿ ಸತ್ತುಬಿದ್ದಿದ್ದವು.

"ಇದು ಆಗೋ ಮಾತಲ್ರಿ ಸರ್," ಅಂದ ನಿಂಗಪ್ಪ. "ಗ್ಯಾಸ್ ಹಚ್ಚತೇನಿ. ಬೆಣ್ಯಾಗ ಬಟ್ಟ ಇಟ್ಟಂಗ ಹೋಲ್ ಬೀಳತಾವ."

ಒಪ್ಪಿದೆ. ಗ್ಯಾಸಿನ ಜ್ವಾಲೆಯಿಂದ ಅದೇ ಗೇಟಿನ ಉಳಿದ ತೂತುಗಳೆಲ್ಲ ಅರ್ಧ ದಿನದಲ್ಲಿ ಬಿದ್ದವು. ಉತ್ಸಾಹದಲ್ಲಿ ರಬ್ಬರ್ ಬಿಗಿದು, ಮೊದಲ ಕಿಂಡಿಗೆ ಇಳಿಸಿಯೂ ಬಿಟ್ಟೆವು. ಹಿಂದೆ ನೀರು ಮೊಣಕಾಲೆತ್ತರ ಏರುವಷ್ಟರಲ್ಲಿ ಗೇಟಿನ ಅಂಚಿನಿಂದ ಹತ್ತಾರು ಕಡೆ ನೀರು ಚಿಮ್ಮತೊಡಗಿತು. ತೂತುಗಳ ಬಾಯಿ ಹರಕುಮುರುಕಾಗಿತ್ತು, ಬೋಲ್ಟುಗಳು ಒಂದೊಂದು ದಿಕ್ಕಿಗೆ ವಾಲಿದ್ದವು, ರಬ್ಬರ್ ಅಲೆಯಲೆಯಾಗಿ ಎದ್ದು ನಿಂತಿತ್ತು. ರುದ್ರಗೌಡರು ಕೆಳಗಿಳಿದು ಬಂದು ಆ ಕಾರಂಜಿಗಳನ್ನು ಬಹಳ ಹೊತ್ತು ನೋಡಿದರು. ಬೈಯಲಿಲ್ಲ.

"ಬನಹಟ್ಟಿಗಿ ಹೋಗ್ರಿ," ಅಂದರು. "ಅಲ್ಲಿ ಮಲ್ಲಪ್ಪ ಅಂತ ಲೇಥ್ ಇಟ್ಟಾನ. ಅಂವನ್ನ ಕೇಳಬ್ಯಾಡ್ರಿ, ಅಂವನ ಹೆಂಡ್ತಿನ್ನ ಕೇಳ್ರಿ."

ಬನಹಟ್ಟಿಯ ಆ ಗಲ್ಲಿಯಲ್ಲಿ ಎರಡೂ ಬದಿಯ ಮನೆಗಳಿಂದ ಪಾವರ್‌ಲೂಮ್ ಸದ್ದು ಮಳೆಯಂತೆ ಸುರಿಯುತ್ತಿತ್ತು. ಮಾತಾಡಬೇಕಾದರೆ ಕಿವಿಯ ಹತ್ತಿರ ಬಾಯಿ ಒಯ್ಯಬೇಕು. ಗಲ್ಲಿಯ ತುದಿಗೆ ಮಗ್ಗದ ಬಿಡಿಭಾಗ ಮಾಡುವ ಸಣ್ಣ ವರ್ಕ್‌ಶಾಪು. ಉಕ್ಕನ್ನು ತಿರುಗಿಸಿ ಕೆತ್ತುವ ಲೇಥಿನ ಮುಂದೆ ನಿಂತಿದ್ದ ತೆಳ್ಳನೆಯ ಮನುಷ್ಯ ಮಲ್ಲಪ್ಪ ನನ್ನ ಮಾತು ಕೇಳಿ, ಗದ್ದದಿಂದಲೇ ಒಳಗೆ ತೋರಿಸಿದರು. "ಹೊರಮೈ ಕೆಲಸ ಇದ್ರ ನನಗ ಹೇಳ್ರಿ. ಒಳಗ ಹೋಗೋ ಕೆಲಸ ಅಕಿದು."

ಅಲ್ಲಿ ಅವರ ಹೆಂಡತಿ ಶಾಂತವ್ವ ಸಾಣೆ ಹಿಡಿಯುವ ಗ್ರೈಂಡರಿನ ಮುಂದೆ ನಿಂತಿದ್ದರು. ಐವತ್ತರ ಆಸುಪಾಸು. ಇಳಕಲ್ ಸೀರೆ, ಅದರ ಮೇಲೆ ಗಂಡನ ಹಳೆಯ ಅಂಗಿ, ತೋಳು ಮೊಣಕೈ ಮೇಲಕ್ಕೆ ಬಿಗಿಯಾಗಿ ಮಡಚಿದ್ದು. ಸೆರಗು ಸೊಂಟದಲ್ಲಿ, ಕೂದಲು ವಸ್ತ್ರದಲ್ಲಿ ಕಟ್ಟಿದ್ದು. ಸುತ್ತಲಿನವರೆಲ್ಲ ಅವರನ್ನು ವೈನಿ ಎಂದು ಕರೆಯುತ್ತಿದ್ದರು. ಮಲ್ಲಪ್ಪ ಊರಿಗೆಲ್ಲ ಅಣ್ಣ, ಹಾಗಾಗಿ ಅಣ್ಣನ ಹೆಂಡತಿ ಊರಿಗೆಲ್ಲ ವೈನಿ.

ನಾನು ಗೇಟಿನ ಕಥೆ ಶುರುಮಾಡಿದೆ. ಅವರು ಕೈಚಾಚಿ, "ಬಿಟ್ ತೋರಸ್ರಿ," ಅಂದರು. ಜೇಬಿನಿಂದ ಒಂದನ್ನು ತೆಗೆದು ಕೊಟ್ಟೆ. ಅದರ ನೀಲಿಗಟ್ಟಿದ ತುದಿಯನ್ನು ಬೆಳಕಿಗೆ ಹಿಡಿದು ನೋಡಿದರು.

"ಇದನ್ನ ಯಾರು ಸುಟ್ಟಾರು?"

"ನಾವ ರಿ. ಹೋಲ್ ಹೊಡಿಯೋ ಮುಂದ."

"ನೀವು ಹೋಲ್ ಹೊಡದಿಲ್ಲ ಸಾಹೇಬ್ರ. ತಿಕ್ಕೀರಿ."

ಆಮೇಲೆ ಅವರು ಮಾಡಿದ್ದನ್ನು ನಾನು ಇವತ್ತಿಗೂ ಮರೆತಿಲ್ಲ. ಬಿಟ್ಟಿನ ಸುಟ್ಟ ತುದಿಯನ್ನು ಗ್ರೈಂಡರಿಗೆ ತಾಗಿಸಿ ಕಳೆದರು. ಮತ್ತೆ ಅದನ್ನು ಎರಡು ಬೆರಳಿನ ನಡುವೆ ಹಿಡಿದು, ಕಲ್ಲಿಗೆ ಓರೆಯಾಗಿ ಒಡ್ಡಿ, ಮಣಿಕಟ್ಟನ್ನು ಒಂದಿಷ್ಟೇ ಕೆಳಗಿಳಿಸಿದರು. ತಿರುಗಿಸಿ ಇನ್ನೊಂದು ಬದಿ. ಮತ್ತೆ ಮೊದಲಿನದು. ನಡುನಡುವೆ ನೀರಿನಲ್ಲಿ ಅದ್ದುವರು. ಅಳತೆಪಟ್ಟಿ ಇಲ್ಲ, ಗೇಜು ಇಲ್ಲ. ನಮ್ಮ ಪುಸ್ತಕದಲ್ಲಿ ಒಂದು ಅಧ್ಯಾಯ ಪೂರ್ತಿ ಕೋನಗಳ ಲೆಕ್ಕವಿದ್ದ ಕೆಲಸ ಅದು, ಚಹಾ ಆರುವುದರೊಳಗೆ ಮುಗಿಯಿತು.

ದಪ್ಪನೆಯ ಒಂದು ಉಕ್ಕಿನ ತುಂಡನ್ನು ಮಶೀನಿನ ಕೆಳಗೆ ಬಿಗಿದರು. ಚೂಪು ತುದಿಯ ಪಂಚ್ ಇಟ್ಟು ಸುತ್ತಿಗೆಯಿಂದ ಒಂದೇ ಏಟು, ಒಂದು ಚುಕ್ಕೆ. ನಾನು ಸತ್ತಿತೆಂದುಕೊಂಡಿದ್ದ ಅದೇ ಬಿಟ್ ಆ ಚುಕ್ಕೆಯ ಮೇಲೆ ಇಳಿಯಿತು. ಮಶೀನು ಎಷ್ಟು ನಿಧಾನವಾಗಿ ತಿರುಗುತ್ತಿತ್ತೆಂದರೆ ಬಿಟ್ಟಿನ ಸುತ್ತುಗಳನ್ನು ಕಣ್ಣಿನಿಂದ ಹಿಂಬಾಲಿಸಬಹುದಿತ್ತು. ಕಿರುಚಾಟವಿಲ್ಲ, ಹೊಗೆಯಿಲ್ಲ. ಕೊಬ್ಬರಿ ಹೆರೆಯುವಂಥ ಮೆತ್ತನೆಯ ಸದ್ದು. ಬಿಟ್ಟಿನ ಎರಡೂ ಬದಿಯಿಂದ ಎರಡು ಸುರುಳಿಗಳು ಎದ್ದು ಬಂದವು, ಬಡಗಿಯ ಉಳಿಯ ಕೆಳಗಿಂದ ಕಟ್ಟಿಗೆಯ ಸುರುಳಿ ಏಳುವ ಹಾಗೆ, ಮುರಿಯದೆ, ಹೊಳೆಯುತ್ತ. ಉಕ್ಕು ಹಾಗೆ ಸುರುಳಿಯಾಗಿ ಎದ್ದು ಬರಬಲ್ಲದು ಎನ್ನುವುದನ್ನು ನಾನು ಅಲ್ಲಿಯವರೆಗೆ ನೋಡಿರಲೇ ಇಲ್ಲ.

"ಬಿಟ್ಟಿಗಿ ಎರಡ ತುಟಿ," ಅಂದರು ವೈನಿ. "ಎರಡೂ ಸಮ ಇದ್ರ ಎರಡೂ ಉಣ್ಣತಾವ, ಎರಡೂ ಕಡಿ ಸುರುಳಿ ಸಮ ಬರತೈತಿ. ಒಂದ ಕಡಿ ಬಂತಂದ್ರ ಒಂದ ತುಟಿ ಉಪಾಸ. ಆಗ ಹೋಲ್ ದೊಡ್ಡದಾಗತೈತಿ, ವಾರಿ ಆಗತೈತಿ."

ಬರುತ್ತೀರಾ ಎಂದು ಕೇಳಿದೆ. ಎರಡು ಕರಾರು ಹಾಕಿದರು. ಒಂದು, ಗ್ಯಾಸು ಗೇಟಿನ ಹತ್ತಿರ ಬರಕೂಡದು. ಎರಡನೆಯದನ್ನು ಹೇಳುವಾಗ ನನ್ನ ಇಸ್ತ್ರಿ ಅಂಗಿಯನ್ನು ನೋಡುತ್ತಿದ್ದರು. "ಅಲ್ಲಿ ನಿಂತು ಹೇಳಾವರು ಬ್ಯಾಡ. ಕೈ ಹಚ್ಚಾವರು ಬೇಕು. ನೀವೂ ಹಿಡೀಬೇಕು."

ಮರುದಿನದಿಂದ ಗಂಡ ಹೆಂಡತಿ ಇಬ್ಬರೂ ಮುಂಜಾನೆಯ ಆಟೋದಲ್ಲಿ ಬುತ್ತಿ ಕಟ್ಟಿಕೊಂಡು ದಂಡೆಗೆ ಬರತೊಡಗಿದರು. ಮುಧೋಳದ ಸಕ್ಕರೆ ಕಾರ್ಖಾನೆಯಲ್ಲಿ ಫಿಟ್ಟರ್ ಆಗಿದ್ದ ಮಲ್ಲಪ್ಪನವರ ಗೆಳೆಯರೊಬ್ಬರು ತಮ್ಮ ಸ್ವಂತದ ಮ್ಯಾಗ್ನೆಟ್ ಡ್ರಿಲ್ ಕೊಟ್ಟಿದ್ದರು. ಆ ಮಶೀನಿನ ತಳಕ್ಕೆ ಅಯಸ್ಕಾಂತವಿರುತ್ತದೆ, ಸ್ವಿಚ್ ಹಾಕಿದರೆ ಗೇಟಿಗೆ ಹಲ್ಲಿಯಂತೆ ಕಚ್ಚಿಕೊಂಡು ನಿಲ್ಲುತ್ತದೆ. ಕಚ್ಚಿಕೊಂಡರೂ ವೈನಿ ಅದಕ್ಕೆ ಸರಪಳಿ ಬಿಗಿಯದೆ ಕೆಲಸ ಶುರುಮಾಡಿದ್ದು ನಾನು ಕಾಣೆ. ಮೊದಲ ದಿನವೇ ನಮ್ಮ ಕೆಲಸಗಾರನೊಬ್ಬನ ಕೈಗವಸು ಬಿಚ್ಚಿಸಿದರು. "ತಿರುಗೋ ಮಶೀನಿಗಿ ಅರಿವಿ ಅಂದ್ರ ಭಾಳ ಆಸೆ. ಅರಿವಿ ಜೋಡಿ ಬೆರಳೂ ಒಯ್ತೈತಿ. ಬರಿಗೈಲೆ ಹಿಡಿ, ಕಣ್ಣಿಗಿ ಮಾತ್ರ ಚಷ್ಮಾ ಹಾಕೋ."

ಅವರ ಕೆಲಸದ ಕ್ರಮವನ್ನು ನಾನು ಒಂದು ವಾರ ಬರೀ ನೋಡಿದೆ. ಮೊದಲು ಗೆರೆ. ಗೆರೆ ಕೂಡಿದಲ್ಲಿ ಪಂಚಿನ ಚುಕ್ಕೆ. ಚುಕ್ಕೆಯ ಮೇಲೆ ಸಣ್ಣ ಬಿಟ್, ಆಮೇಲೆ ದೊಡ್ಡದು. ದೊಡ್ಡ ಬಿಟ್ಟಿನ ನಡುಮೂಗು ಕೊರೆಯುವುದಿಲ್ಲ, ಬರಿದೇ ತಳ್ಳುತ್ತದೆ. ಆ ಮೂಗಿಗೆ ಹಾದಿ ಮಾಡಿಕೊಡುವಷ್ಟು ಸಣ್ಣ ತೂತು ಮೊದಲೇ ಇದ್ದರೆ ತುಟಿಗಳು ಆರಾಮವಾಗಿ ಕೆಲಸ ಮಾಡುತ್ತವೆ. ಬಿಟ್ ದಪ್ಪವಾದಷ್ಟೂ ಮಶೀನು ಸಾವಕಾಶ. ಸುಣ್ಣ ಕದಡಿದಂಥ ಬಿಳಿ ಕೂಲಂಟ್ ನೀರು ತೂತಿನ ಬಾಯಿಗೆ ಬೀಳುತ್ತಲೇ ಇರಬೇಕು. ಇನ್ನೇನು ಆಚೆ ಬದಿ ತೂರಬೇಕು ಎನ್ನುವಾಗ ಕೈ ಸಡಿಲು ಮಾಡಬೇಕು, ಇಲ್ಲವಾದರೆ ಬಿಟ್ ಕಚ್ಚಿಕೊಂಡು ಮುರಿಯುತ್ತದೆ. ಇವೆಲ್ಲ ನನಗೆ ಪರೀಕ್ಷೆಗೆ ಬಂದಿದ್ದ ಪ್ರಶ್ನೆಗಳೇ. ಆದರೆ ಆಚೆ ಬದಿ ತೂರುವ ಗಳಿಗೆ ಯಾವುದು ಎಂದು ಪುಸ್ತಕ ಹೇಳಿರಲಿಲ್ಲ. ವೈನಿಗೆ ಅದು ಪ್ರತಿಸಲ ಗೊತ್ತಾಗುತ್ತಿತ್ತು. ಕಾಣದ ಬದಿಯಲ್ಲಿ ಕೂದಲೆಳೆಯಷ್ಟು ಉಕ್ಕು ಉಳಿದಿರುವಾಗಲೇ ಅವರ ಮಣಿಕಟ್ಟು ಮೆತ್ತಗಾಗುತ್ತಿತ್ತು.

ಒಂದು ಮಧ್ಯಾಹ್ನ ದಂಡೆಯ ಬೇವಿನ ನೆರಳಲ್ಲಿ ರೊಟ್ಟಿ ಬಿಚ್ಚಿಕೊಂಡು ಕೂತಾಗ, ಇದನ್ನು ಎಲ್ಲಿ ಕಲಿತಿರಿ ಎಂದು ಕೇಳಿದೆ.

"ತವರಮನ್ಯಾಗ," ಅಂದರು. ನಾನು ನಕ್ಕೆ. ಅವರು ನಗಲಿಲ್ಲ. "ಖರೇನ. ನಮ್ಮ ತವರಮನಿ ರಬಕವಿ. ಮಗ್ಗದ ಮಂದಿ ನಾವು. ಮಗ್ಗದ ಮ್ಯಾಲಿನ ಹಾಸು ತೀರಿದ ಮ್ಯಾಲ ಹಳೀ ಎಳಿ ತುದಿಗಿ ಹೊಸಾ ಎಳಿ ಹೊಸೆದು ಕೂಡಸಬೇಕು. ಒಂದ ಸೀರಿ ಅಗಲಕ್ಕ ಸಾವಿರಾರು ಎಳಿ. ಲಗ್ನ ಆಗೂ ತನಕ ಅದನ್ನ ಮಾಡೀನಿ. ಕಣ್ಣೀಲೆ ನೋಡಿ ಮಾಡಿದ್ರ ತಪ್ಪತಿತ್ತು. ಬೆರಳಿಗಿ ಬಿಟ್ರ ತಪ್ಪತಿರಲಿಲ್ಲ. ಇಲ್ಲಿ ಬಂದ ಮ್ಯಾಲ ಒಂದ ದಿನಾ ಇವರಿಗಿ ಜ್ವರಾ ಬಂದಿತ್ತು. ಮಶೀನಿನ ಹಿಡಿ ಹಿಡದು ನೋಡ್ದೆ. ಎಳೀಗಿಂತ ಇದ ಸಸಾರ ಅನಸ್ತು."

"ಅವತ್ತಿನಿಂದ ನಾ ಡ್ರಿಲ್ ಮುಟ್ಟಿಲ್ಲ ನೋಡ್ರಿ," ಅಂದರು ಮಲ್ಲಪ್ಪ. ಅವರ ದನಿಯಲ್ಲಿ ಸಂಕೋಚವಿರಲಿಲ್ಲ, ಹೆಮ್ಮೆಯಿತ್ತು.

ಗೇಟುಗಳು ಒಂದೊಂದಾಗಿ ತಯಾರಾದವು. ತೂತುಗಳ ಒಳಮೈ ಕನ್ನಡಿಯಂತಿತ್ತು. ಬೋಲ್ಟು ಇಟ್ಟರೆ ತಾನಾಗಿ ಜಾರಿ ಕೂರುತ್ತಿತ್ತು. ಎರಡನೆಯ ವಾರದಿಂದ ಅವರು ಹಿಡಿಯನ್ನು ನನ್ನ ಕೈಗೆ ಕೊಟ್ಟರು. ನನ್ನ ಬಿಟ್ಟಿನಿಂದ ಮೊದಲ ಸಲ ಎರಡು ಸಮ ಸುರುಳಿ ಎದ್ದ ದಿನ ಅದನ್ನು ಮುರಿಯದಂತೆ ಕಾಗದದಲ್ಲಿ ಸುತ್ತಿ ಜೇಬಿನಲ್ಲಿಟ್ಟುಕೊಂಡು ತಿರುಗಾಡಿದ್ದೆ. ಗ್ಯಾಸಿನಿಂದ ಕೆಟ್ಟಿದ್ದ ಮೊದಲ ಗೇಟಿಗೂ ಅಂಚಿನ ಪಟ್ಟಿ ಕತ್ತರಿಸಿ ತೆಗೆದು ಹೊಸದು ಕೂಡಿಸಿ ಕೊರೆದೆವು. ದೀಪಾವಳಿ ಹತ್ತಿರ ಬರುವಾಗ ಏಳನೆಯ ಕಿಂಡಿಯೊಂದು ಉಳಿಯಿತು.

ಅಲ್ಲಿಯ ತೊಂದರೆ ಗೇಟಿನದೊಂದೇ ಆಗಿರಲಿಲ್ಲ. ಗೇಟಿನ ರಬ್ಬರ್ ಒತ್ತಿ ಕೂರಲು ಕಿಂಡಿಯ ಕಂಬಕ್ಕೆ ಸ್ಟೇನ್‌ಲೆಸ್ ಸ್ಟೀಲಿನ ಒಂದು ನುಣುಪಾದ ಪಟ್ಟಿ ಇರುತ್ತದೆ. ಏಳನೆಯ ಕಿಂಡಿಯಲ್ಲಿ ನೆರೆ ಅದನ್ನೇ ಕಿತ್ತೊಯ್ದಿತ್ತು. ಹಳೆಯ ಎಂಟು ಬೋಲ್ಟುಗಳು ಮಾತ್ರ ಕಾಂಕ್ರೀಟಿನಿಂದ ಹೊರಚಾಚಿ ನಿಂತಿದ್ದವು. ಹೊಸ ಪಟ್ಟಿಗೆ ಎಂಟು ತೂತು ಕೊರೆದು, ಆ ಎಂಟೂ ಬೋಲ್ಟಿಗೆ ಒಮ್ಮೆಲೇ ಸಿಕ್ಕಿಸಬೇಕು. ಒಂದು ತೂತು ಆಚೀಚೆ ಆದರೂ ಪಟ್ಟಿ ಕೂರುವುದಿಲ್ಲ. ಪಟ್ಟಿ ಪುಣೆಯಿಂದ ಬಂದದ್ದು, ಇದ್ದದ್ದು ಒಂದೇ.

ವೈನಿ ಅದರಲ್ಲಿ ಏಳು ತೂತು ಮುಗಿಸಿದರು. ಸ್ಟೇನ್‌ಲೆಸ್ ಪಟ್ಟಿಗೆ ಅಯಸ್ಕಾಂತ ಕಚ್ಚುವುದಿಲ್ಲ, ಹಾಗಾಗಿ ಅದರ ಮೇಲೊಂದು ದಪ್ಪ ಕಬ್ಬಿಣದ ಹಲಗೆ ಬಿಗಿದು ಮಶೀನನ್ನು ಅದರ ಮೇಲೆ ಕೂರಿಸುತ್ತಿದ್ದರು. ಎಂಟನೆಯದು ತೀರ ಕೆಳಗಿನದು, ನೀರಿನ ಒತ್ತಡ ಎಲ್ಲಕ್ಕಿಂತ ಹೆಚ್ಚು ಬೀಳುವ ಜಾಗದ್ದು. ಅಷ್ಟರಲ್ಲಿ ಅಮಾವಾಸ್ಯೆ ಬಂತು. ವರ್ಕ್‌ಶಾಪಿನ ಲಕ್ಷ್ಮೀಪೂಜೆಗೆ ಇಬ್ಬರೂ ಎರಡು ದಿನ ಊರಿಗೆ ಹೊರಟರು.

"ಎಂಟನೇದ್ದು ನಾ ಬಂದು ಹೊಡಿತೇನಿ," ಅಂದರು ಆಟೋ ಹತ್ತುವಾಗ. "ಇದು ಗೇಟಿನ ಉಕ್ಕಿನಂಗ ಅಲ್ಲ."

ಮರುದಿನ ಮುಂಜಾನೆ ರುದ್ರಗೌಡರ ಸುಣ್ಣದ ಗೆರೆ ಒಂದು ಪೂರ್ತಿ ಮೆಟ್ಟಿಲು ಕೆಳಗಿಳಿದಿತ್ತು. ಹನ್ನೊಂದು ಗೇಟು ಸಿದ್ಧವಿದ್ದರೂ ಏಳನೆಯದು ತೆರೆದಿದ್ದರೆ ನೀರು ನಿಲ್ಲುವಂತಿರಲಿಲ್ಲ. ಹೊಳೆಯ ಅವಸರ ಒಂದು ನೆಪ. ನಿಜವೆಂದರೆ, ನನಗೆ ಆ ಎಂಟನೆಯ ತೂತು ನನ್ನದಾಗಬೇಕಿತ್ತು. ಏಳನ್ನು ನೋಡಿದ್ದೇನೆ, ಎಂಟನೆಯದನ್ನು ಹಾಕಲಾರೆನೇ ಅನ್ನಿಸಿತು.

ಚುಕ್ಕೆ ಸರಿಯಾಗಿ ಬಿತ್ತು. ಸಣ್ಣ ಬಿಟ್ ಒಳಗಿಳಿಯಿತು, ಸುರುಳಿಯೂ ಬಂತು. ಅರ್ಧಕ್ಕೆ ಬಂದಾಗ, ಮುರಿದರೆ ಏನು ಗತಿ ಎಂಬ ಯೋಚನೆ ತಲೆಗೆ ಹೊಕ್ಕಿತು. ಕೈ ಹಗುರಾಯಿತು. ಸುರುಳಿ ನಿಂತಿತು. ಬಿಟ್ ತಿರುಗುತ್ತಲೇ ಇತ್ತು, ಆದರೆ ಏನನ್ನೂ ಕತ್ತರಿಸುತ್ತಿರಲಿಲ್ಲ. ಒಂದು ಸಣ್ಣ ಸಿಳ್ಳೆಯ ಸದ್ದು. ಎತ್ತಿ ನೋಡಿದರೆ ತೂತಿನ ತಳ ಗಾಜಿನಂತೆ ಹೊಳೆಯುತ್ತಿತ್ತು. ಹೊಸ ಬಿಟ್ ಹಾಕಿ ಜೋರು ಒತ್ತಿದೆ. ಟಪ್ಪೆಂದಿತು. ಅರ್ಧ ಬಿಟ್ ಮಶೀನಿನಲ್ಲಿ, ಅರ್ಧ ಪಟ್ಟಿಯೊಳಗೆ.

ನಿಂಗಪ್ಪ ಬಗ್ಗಿ ನೋಡಿ, ಸುತ್ತ ಯಾರೂ ಇಲ್ಲವೆಂದು ಖಾತ್ರಿ ಮಾಡಿಕೊಂಡು ಹೇಳಿದ: "ಸರ್, ಇದರ ಬಾಯಿ ವೆಲ್ಡಿಂಗ್ ಮಾಡಿ ಮುಚ್ಚಿಬಿಡೂಣು. ಕಂಬದಾಗಿನ ಎಂಟನೇ ಬೋಲ್ಟ್ ಕತ್ತರಿಸಿ ಒಗಿತೇನಿ. ಏಳರ ಮ್ಯಾಲ ನಿಲ್ಲತೈತಿ. ನೀರಾಗ ಮುಳುಗಿದ ಮ್ಯಾಲ ಯಾರ್ ನೋಡತಾರ?"

ಪುಣೆಗೆ ಫೋನ್ ಮಾಡಿದೆ. ಹಬ್ಬ ಕಳೆದು ಇನ್ನೊಂದು ಪಟ್ಟಿ ಬರಲು ಹನ್ನೆರಡು ದಿನ. ಹನ್ನೆರಡು ದಿನದಲ್ಲಿ ಹೊಳೆ ಎಲ್ಲಿರುತ್ತದೆಂದು ಆ ಮೆಟ್ಟಿಲುಗಳನ್ನು ನೋಡಿದರೆ ಗೊತ್ತಾಗುತ್ತಿತ್ತು. ಮಧ್ಯಾಹ್ನದವರೆಗೆ ಪಟ್ಟಿಯ ಮುಂದೆ ಕೂತಿದ್ದೆ. ನಿಂಗಪ್ಪನ ಮಾತಿಗೆ ಒಪ್ಪಿಕೊಳ್ಳಲು ಎಷ್ಟು ಹತ್ತಿರ ಹೋಗಿದ್ದೆ ಎನ್ನುವುದನ್ನು ಇಷ್ಟು ವರ್ಷ ಯಾರಿಗೂ ಹೇಳಿಲ್ಲ. ವೈನಿ ಬಂದು ಆ ತೂತಿನ ಮೇಲೆ ಬೆರಳಾಡಿಸಿದರೆ ಅವರಿಗೆ ತಿಳಿಯದೇ ಇರುವುದಿಲ್ಲ ಎಂಬ ಒಂದೇ ವಿಚಾರ ನನ್ನನ್ನು ತಡೆಯಿತು. ರುದ್ರಗೌಡರ ಮನೆಗೆ ಹೋಗಿ ಆದದ್ದನ್ನು ಹೇಳಿದೆ. ಅವರು, "ಅಕಿಗಿ ಹೇಳ್ರಿ ಮೊದ್ಲ," ಅಂದರು.

ಮರುದಿನ ಪಾಡ್ಯ. ಬನಹಟ್ಟಿಯ ಗಲ್ಲಿಯಲ್ಲಿ ಮಗ್ಗಗಳೆಲ್ಲ ನಿಂತಿದ್ದವು. ಆ ಮೌನದಲ್ಲಿ ನನ್ನ ಬೈಕಿನ ಸದ್ದೇ ದೊಡ್ಡದಾಗಿ ಕೇಳಿತು. ವೈನಿ ಹೊಸ ಸೀರೆ ಉಟ್ಟು ಬಾಗಿಲಲ್ಲಿ ನಿಂತಿದ್ದರು.

"ವೈನಿ, ಎಂಟನೇ ಹೋಲ್ ಕೆಡಿಸೇನಿ. ಬಿಟ್ ಒಳಗ ಮುರದೈತಿ."

ಅವರು ಮೊದಲು ನನ್ನ ಎರಡೂ ಕೈ ನೋಡಿದರು. "ಕೈಗೇನರ ಆತೇನು?"

"ಇಲ್ಲ."

"ಹಂಗಾರ ಒಳಗ ಬಾ ತಮ್ಮಾ. ಊಟಾ ಮಾಡು."

ಅಲ್ಲಿಯವರೆಗೆ ನಾನು ಸಾಹೇಬ್ರು. ಅವತ್ತಿನಿಂದ ತಮ್ಮ. ಕರಿಗಡಬು ಬಡಿಸಿದರು. ತಾಟು ತೆಗೆದ ಮೇಲೆ ಅವರು ಒಂದೇ ಪ್ರಶ್ನೆ ಕೇಳಿದರು. "ಒತ್ತಿದ್ಯೋ, ತಿಕ್ಕಿದ್ಯೋ?"

"ನಡುವ ಅಂಜಿಕಿ ಬಂತು. ಕೈ ಹಗುರ ಮಾಡ್ದೆ."

"ಅದ ಆಗೇತಿ. ಈ ಸ್ಟೀಲು ತಿಕ್ಕಿದಷ್ಟೂ ಬಿರುಸಾಗತೈತಿ. ಒಮ್ಮಿ ಶುರು ಮಾಡಿದ್ರ ಕೊರಕೋತನ ಹೋಗಬೇಕು, ನಿಂದ್ರಬಾರದು. ಈಗ ಅದರ ನಡುವ ಯಾವ ಬಿಟ್ಟೂ ಹೋಗಂಗಿಲ್ಲ."

ಅವರು ಬಾಗಿಲ ಮುಂದಿನ ರಂಗೋಲಿಯತ್ತ ನೋಡುತ್ತ ಕೂತರು. ಆಮೇಲೆ ಕೈಯಿಂದ ಒಂದು ಬಳೆ ಬಿಚ್ಚಿ, ರಂಗೋಲಿಯ ಒಂದು ಚುಕ್ಕೆಯ ಸುತ್ತ ಅದನ್ನು ಮೆಲ್ಲಗೆ ಇಟ್ಟರು.

"ನಡುವ ಹೋಗೂದ ಬ್ಯಾಡ. ಸುತ್ತ ಹೋಗೂಣು."

ಮಲ್ಲಪ್ಪ ಹೆಂಡತಿಯ ಮುಖ ನೋಡಿದವರೇ ಮುಧೋಳದ ಗೆಳೆಯರಿಗೆ ಫೋನ್ ಹಚ್ಚಿದರು. ಬಳೆಯಂತೆ ಒಳಗೆ ಟೊಳ್ಳಾಗಿರುವ ಒಂದು ಬಗೆಯ ಕಟರ್ ಇದೆ, ಅದು ತೂತಿನ ನಡುವನ್ನು ಮುಟ್ಟದೆ ಅಂಚನ್ನಷ್ಟೇ ಕತ್ತರಿಸುತ್ತದೆ. ಬಿರುಸಾದದ್ದು ಸಣ್ಣ ತೂತಿನ ಸುತ್ತಲ ಒಂದಿಷ್ಟೇ ಉಕ್ಕು. ಕಟರಿನ ಹಲ್ಲು ಅದರಾಚೆ, ಬೋಲ್ಟಿಗೆ ಬೇಕಾದ ದೊಡ್ಡ ತೂತಿನ ಅಳತೆಗೆ ಸರಿಯಾಗಿ, ಮೆತ್ತಗಿರುವ ಕಡೆ ಓಡುತ್ತದೆ. ತೊಂದರೆ ಒಂದೇ. ಅಂಥ ಕಟರ್ ಜಾರದಂತೆ ನಡುವಿನಲ್ಲಿ ಒಂದು ಮೊಳೆ ಹಿಡಿದುಕೊಂಡಿರುತ್ತದೆ, ನಮ್ಮ ನಡುವಿನಲ್ಲೋ ಮುರಿದ ಬಿಟ್ ಕೂತಿತ್ತು. ಮೊಳೆ ತೆಗೆದುಬಿಟ್ಟರೆ ಕಟರ್ ಎತ್ತ ಜಾರುವುದೋ ಹೇಳಲಾಗದು.

"ಹಾದಿ ನಾ ಮಾಡಿ ಕೊಡತೇನಿ," ಅಂದರು ಮಲ್ಲಪ್ಪ. ಹಬ್ಬದ ಹೊಸ ಅಂಗಿ ಬಿಚ್ಚಿಟ್ಟು ಲೇಥ್ ಚಾಲೂ ಮಾಡಿದರು. ಮಶೀನು ಕೂರಿಸಲು ಅಂಥದೇ ಇನ್ನೊಂದು ದಪ್ಪ ಹಲಗೆ ತೆಗೆದು, ಅದರಲ್ಲಿ ಕಟರ್ ಹಿಡಿಸುವಷ್ಟೇ ಒಂದು ದುಂಡು ಬಾಯಿ ಕೊರೆದು, ಅದಕ್ಕೊಂದು ಉಕ್ಕಿನ ಉಂಗುರ ಕೂಡಿಸಿದರು. ಅದರೊಳಗಿಂದ ಇಳಿದರೆ ಕಟರ್ ಆಚೀಚೆ ಅಲುಗುವಂತಿರಲಿಲ್ಲ. ನಾನು ಅಷ್ಟರಲ್ಲಿ ಮುಧೋಳಕ್ಕೆ ಹೋಗಿ ಬಂದೆ. ದಾರಿಯುದ್ದಕ್ಕೂ ಕಬ್ಬಿನ ಟ್ರ್ಯಾಕ್ಟರುಗಳ ಸಾಲು. ಜೇಬಿನಲ್ಲಿ ಅರಿವೆ ಸುತ್ತಿದ ಕಟರ್, ಹೆಬ್ಬೆರಳಿಗಿಂತ ತುಸು ದಪ್ಪ. ರಸ್ತೆಯಲ್ಲಿ ತಗ್ಗು ಬಂದಾಗಲೆಲ್ಲ ಅದನ್ನು ಅಂಗೈಯಿಂದ ಒತ್ತಿ ಹಿಡಿಯುತ್ತಿದ್ದೆ.

ಮರುದಿನ ಮುಂಜಾನೆ ದಂಡೆಯ ಮೇಲೆ ಇಪ್ಪತ್ತು ಮೂವತ್ತು ಜನ ಸೇರಿದ್ದರು. ರುದ್ರಗೌಡರು ಯಾರೂ ಮಾತಾ­ಡದಂತೆ ನೋಡಿಕೊಂಡರು. ವೈನಿ ಹಲಗೆಯನ್ನು ಪಟ್ಟಿಯ ಮೇಲಿಟ್ಟು ಉಂಗುರದೊಳಗಿಂದ ಇಣುಕಿ, ಸರಿಸಿ, ಮತ್ತೆ ಇಣುಕಿ, ಅಳತೆ ಕೂಡಿದ ಮೇಲೆ ಬಿಗಿಸಿದರು. ಬಿಳಿ ನೀರಿನ ಬಾಟಲಿ ನನ್ನ ಕೈಗೆ ಕೊಟ್ಟರು.

"ನಾ ನಿಂದ್ರಂಗಿಲ್ಲ. ನೀನೂ ನಿಂದ್ರಸಬ್ಯಾಡ."

ಕಟರ್ ಇಳಿಯಿತು. ಅವರು ಕಣ್ಣು ಮುಚ್ಚಿದ್ದರು. ನಾನು ನೋಡುತ್ತಿದ್ದದ್ದು ಅವರ ಮುಂಗೈಯನ್ನು. ಒಂದೇ ಸಮನೆ, ಹೆಚ್ಚೂ ಇಲ್ಲದೆ ಕಡಿಮೆಯೂ ಇಲ್ಲದೆ, ಆ ಕೈ ಭಾರವನ್ನು ಇಳಿಸುತ್ತಿತ್ತು. ಎಳೆಯಷ್ಟು ತೆಳ್ಳನೆಯ ಸುರುಳಿಗಳು ಉಂಗುರದ ಬಾಯಿಂದ ಉಕ್ಕಿ ಬಂದವು. ಒಂದು ಕ್ಷಣ ಸದ್ದು ತುಸು ಏರಿತು. ನಾನು ಬಿಳಿ ನೀರು ಬಿಡುತ್ತಲೇ ಇದ್ದೆ. ಆ ಕೈ ಮಾತ್ರ ಹಗುರಾಗಲಿಲ್ಲ. ಸದ್ದು ಮತ್ತೆ ತಗ್ಗಿತು. ಆಮೇಲೆ ಮಣಿಕಟ್ಟು ನನಗೆ ಗೊತ್ತಿದ್ದ ಆ ರೀತಿಯಲ್ಲಿ ಮೆತ್ತಗಾಯಿತು, ಪಟ್ಟಿಯ ಕೆಳಗೆ ಏನೋ ಟಣ್ಣೆಂದು ಕಲ್ಲಿನ ಮೇಲೆ ಬಿತ್ತು.

ಅದು ಉಕ್ಕಿನ ಒಂದು ದಪ್ಪ ಬಿಲ್ಲೆ. ನಡುವಿನಲ್ಲಿ ನನ್ನ ಮುರಿದ ಬಿಟ್, ಹಣ್ಣಿನೊಳಗಿನ ಬೀಜದಂತೆ ಹಾಗೇ ಕೂತಿತ್ತು. ರುದ್ರಗೌಡರು ಅದನ್ನು ಎತ್ತಿಕೊಂಡು ಅಂಗೈಯಲ್ಲಿ ತಿರುಗಿಸಿ ನೋಡಿ, ಪಕ್ಕದವರಿಗೆ ಕೊಟ್ಟರು. ಅವರು ಅವರ ಪಕ್ಕದವರಿಗೆ. ಹೊಲದಲ್ಲಿ ಆಯುಷ್ಯ ಕಳೆದ ಆ ಜನ ಪ್ರಸಾದ ಹಿಡಿದಂತೆ ಅದನ್ನು ಎರಡೂ ಕೈಯಲ್ಲಿ ಹಿಡಿದು ನೋಡುತ್ತಿದ್ದರು. ನಿಂಗಪ್ಪ ಹೋಗಿ ವೈನಿಗೆ ಕೈತೊಳೆಯಲು ನೀರು ತಂದಿಟ್ಟ.

ಪಟ್ಟಿಯನ್ನು ಆರು ಜನ ಹೊತ್ತು ಏಳನೆಯ ಕಿಂಡಿಗೆ ಇಳಿಸಿದೆವು. ಎಂಟು ಬೋಲ್ಟುಗಳ ಮುಂದೆ ಎಂಟು ತೂತು. ಮಲ್ಲಪ್ಪ ಅಂಗೈಯಿಂದ ಒಮ್ಮೆ ತಟ್ಟಿದರು. ಪಟ್ಟಿ ಜಾರಿ ಹೋಗಿ ಕಂಬಕ್ಕೆ ಕೂತಿತು.

ಎರಡು ದಿನ ಬಿಟ್ಟು ಗೇಟುಗಳನ್ನು ಇಳಿಸಿದೆವು, ಎಲ್ಲಕ್ಕಿಂತ ಕೊನೆಗೆ ಏಳನೆಯದು. ಚೈನ್‌ಪುಲ್ಲಿ ಕಿರ್ ಕಿರ್ ಎನ್ನುತ್ತ ಗೇಟು ತಳ ಮುಟ್ಟಿದಾಗ, ತಿಂಗಳಿಂದ ಹಗಲೂ ರಾತ್ರಿ ಕಿವಿಯಲ್ಲಿದ್ದ ನೀರಿನ ಮೊರೆತ ನಿಂತುಹೋಯಿತು. ಹೊಳೆ ಒಂದು ಕ್ಷಣ ಏನು ಮಾಡಬೇಕೆಂದು ತಿಳಿಯದವರ ಹಾಗೆ ಅಲ್ಲೇ ಸುತ್ತಿತು. ಆಮೇಲೆ ಮೆಲ್ಲಗೆ ಮೇಲೇರತೊಡಗಿತು.

ನಾಲ್ಕನೆಯ ದಿನ ನೀರು ಗೇಟುಗಳ ಮುಕ್ಕಾಲು ಪಾಲು ಹತ್ತಿತ್ತು. ಮೇಲಿನ ಬದಿಯಲ್ಲಿ ಕಣ್ಣು ಹಾಯುವವರೆಗೂ ಕೃಷ್ಣೆ ನಿಂತಿದ್ದಳು, ಬೆಳಗಿನ ಬಿಸಿಲಿನಲ್ಲಿ ಅಲುಗದೆ. ಕೆಳಗಿನ ಬದಿಯ ಕಲ್ಲುಹಾಸು ಒಣಗಿತ್ತು. ವೈನಿ ಚಪ್ಪಲಿ ಕಳಚಿಟ್ಟು ಆ ಕಲ್ಲುಹಾಸಿನ ಮೇಲೆ ಇಳಿದರು. ಒಂದನೆಯ ಗೇಟಿಗೆ ಕಿವಿ ಹಚ್ಚಿ ನಿಂತರು. ಮುಂದಿನದಕ್ಕೆ ಹೋದರು. ಹೀಗೆ ಒಂದೊಂದಕ್ಕೂ ಕಿವಿ ಹಚ್ಚುತ್ತ ಏಳನೆಯದರ ಹತ್ತಿರ ಬಂದು, ಬಹಳ ಹೊತ್ತು ನಿಂತು, ನನ್ನನ್ನು ಕೈಬೀಸಿ ಕರೆದರು.

"ಕೇಳ್ ತಮ್ಮಾ."

ಕಿವಿ ಹಚ್ಚಿದೆ. ಉಕ್ಕು ಮಂಜಿನಂತೆ ತಣ್ಣಗಿತ್ತು. ಆಚೆ ಬದಿ, ಬೆರಳಗಲದ ಅಂತರದಲ್ಲಿ, ಇಡೀ ಹೊಳೆ ಅದಕ್ಕೆ ಒರಗಿ ನಿಂತಿತ್ತು. ಉಸಿರು ಹಿಡಿದು ಕೇಳಿದೆ.

"ಏನೂ ಕೇಳವಲ್ದು ವೈನಿ."

"ಹಂಗ ಇರಬೇಕು," ಅಂದರು, ಮತ್ತು ಎಂಟನೆಯ ಗೇಟಿಗೆ ನಡೆದರು.